ಮೈ ಒದರದ ಕುರಿ

ಎಂ.ಎ. ಕೊನೆಯ ವರ್ಷದ ಪ್ರಬಂಧಕ್ಕೆ ನಾನು ಆರಿಸಿಕೊಂಡ ವಿಷಯ, ಮೊದಲ ಮಹಾಯುದ್ಧದಲ್ಲಿ ಫ್ರಾನ್ಸಿನ ಒಂದು ಪದಾತಿ ಡಿವಿಷನ್ನಿನ ಚರಿತ್ರೆ. ಅದಕ್ಕೆ ಕೊಳ್ಳೇಗಾಲದ ನಮ್ಮ ಕಾಲೇಜಿನ ಇತಿಹಾಸ ವಿಭಾಗದ ಮುಖ್ಯಸ್ಥರ ಸಹಿ ಬೇಕಿತ್ತು. ಅವರು ಹಾಕಲೊಲ್ಲರು.

"ಹನೂರು ಕಡೆಯವಳು ನೀನು. ಫ್ರಾನ್ಸ್ ಯಾಕಮ್ಮ ನಿಂಗೆ? ಮಾದಪ್ಪನ ಬೆಟ್ಟಕ್ಕೆ ನಡ್ಕೊಂಡು ಹೋಗೋರ ಬಗ್ಗೆ ಬರಿ. ನಿಮ್ಮಪ್ಪ ಅಮ್ಮನ್ನ ಕೇಳಿದ್ರೆ ಅರ್ಧ ಪ್ರಬಂಧ ಮುಗೀತು."

ಯಳಂದೂರಿನಿಂದ ಬರುತ್ತಿದ್ದ ಸಹಪಾಠಿ, ತಹಶೀಲ್ದಾರ್ ಕಚೇರಿಯ ನೌಕರರ ಮಗ, ಇಂಗ್ಲೆಂಡಿನ ರೈಲಿನ ಬಗ್ಗೆ ಬರೀತೀನಿ ಅಂದಾಗ ಇದೇ ಮನುಷ್ಯ ತುಟಿ ಬಿಚ್ಚದೆ ಸಹಿ ಹಾಕಿದ್ದರು. ಅಪ್ಪ ಅಮ್ಮ ಕೂಲಿ ಮಾಡಿ ನನ್ನನ್ನು ಓದಿಸಿದ್ದು ಅವರನ್ನೇ ಕೇಳಿ ಬರೆದುಕೊಂಡು ಬರಲಿ ಅಂತಲ್ಲ. ನಮ್ಮ ವಂಶದಲ್ಲಿ ಡಿಗ್ರಿ ಪಡೆದವಳು ನಾನೇ ಮೊದಲು. ಹನೂರಿನ ಬಸ್ಸಿನಲ್ಲಿ ನಿಂತುಕೊಂಡೇ, ಮೊಬೈಲಿನಲ್ಲಿ, ಒಂದೊಂದು ಇಂಗ್ಲಿಷ್ ಪದದ ಅರ್ಥ ಹುಡುಕುತ್ತ ಆ ಸೈನಿಕರ ಕಥೆ ಓದಿದ್ದೆ.

"ಸರಿ, ಏನಿದೆ ಅದ್ರಲ್ಲಿ? ಹೇಳು" ಅಂದರು.

ಹೇಳಿದೆ. ಸೋಲುವ ದಾಳಿಗೇ ಮತ್ತೆ ಮತ್ತೆ ನೂಕಿದ ಮೇಲೆ ಆ ಸೈನಿಕರು ಕಂದಕಕ್ಕೆ ಹೋಗಲ್ಲ ಅಂದರು. ಕೆಲವರು ಅಧಿಕಾರಿಗಳ ಮುಂದೆ ಹಾದುಹೋಗುವಾಗ ಕುರಿಗಳ ಹಾಗೆ ಬ್ಯಾ ಅಂತ ಅರಚಿದರು.

ಅವರು ನಕ್ಕರು. "ಹೇಡಿಗಳು. ಇದೊಂದು ಚರಿತ್ರೆನಾ?"

ಮೈ ಉರಿಯಿತು. ಕಾಲೇಜಿನ ಭಾಷೆ ಬಿಟ್ಟುಹೋಯಿತು.

"ಸಾ, ನಮ್ಮೂರಲ್ಲಿ ಮಾರಿಗೆ ಕುರಿ ಕುಯ್ಯೋ ಮುಂಚೆ ಅದ್ರ ಮ್ಯಾಲೆ ಅರಿಶಿನದ ನೀರು ಉಯ್ತಾರೆ. ಅದು ಮೈ ಒದರ್ಬೇಕು. ಒದರುದ್ರೆ ಒಪ್ಕತು ಅಂತ. ಅಲ್ಲೀಗಂಟ ಮಚ್ಚು ಎತ್ತಂಗಿಲ್ಲ."

"ಒದರ್ಲಿಲ್ಲ ಅಂದ್ರೆ ಬಿಟ್ಬಿಡ್ತೀರಾ?"

"ಎಲ್ಲಿ ಬುಡ್ತಾರೆ ಸಾ? ಇನ್ನೊಂದು ಚೆಂಬು ಉಯ್ತಾರೆ. ಕಿವಿ ಒಳಕ್ಕೆ ಬುಡ್ತಾರೆ. ಒದರೋಗಂಟ ಉಯ್ದು, ಆಮೇಲೆ ಅಮ್ಮ ಒಪ್ಕಂಡ್ಲು ಅಂತ ಕೈ ಮುಗೀತಾರೆ. ಫ್ರಾನ್ಸಲ್ಲೂ ಅಷ್ಟೆಯ. ಕೆಲವ್ರಿಗೆ ಗುಂಡು ಒಡುದ್ರು. ಮಿಕ್ಕೋರ್ಗೆ ರಜ ಕೊಟ್ರು, ಒಳ್ಳೆ ಊಟ ಆಕುದ್ರು, ತಿರ್ಗ ಕಂದಕಕ್ಕೆ ಕಳ್ಸುದ್ರು."

ಕುರಿಯ ಈ ಮಾತನ್ನೇ ಊರಿನಲ್ಲಿ ಆಡಿದ್ದಕ್ಕೆ ಚಿಕ್ಕಪ್ಪ ಎಲ್ಲರೆದುರು, "ನಾಕಕ್ಸರ ಕಲ್ತು ಅಮ್ಮನ್ಗೇ ತಿರುಗಿ ಬೀಳ್ತಾವ್ಳೆ ಕಣ್ಲಾ" ಅಂತ ಉಗಿದಿದ್ದ. ಮುಖ್ಯಸ್ಥರು ಉಗಿಯಲಿಲ್ಲ. ಜವಾನನನ್ನು ಕರೆದು ನನಗೂ ಒಂದು ಟೀ ತರಿಸಿದರು. ದನಿ ಮೆತ್ತಗಾಯಿತು.

"ಜಾಣೆ ಕಣಮ್ಮ ನೀನು. ಬೆಟ್ಟದ ವಿಷಯ ತಗೋ, ಪುಸ್ತಕ ಎಲ್ಲ ನಾನೇ ಕೊಡ್ತೀನಿ."

ನಾನು ಸಹಿಯ ಹಾಳೆಯನ್ನು ಅವರ ಮುಂದೆ ಸರಿಸಿದೆ.

"ನಿನ್ನ ಒಳ್ಳೇದಕ್ಕೇ ಹೇಳ್ತಿರೋದು. ನಮ್ಮ ಹುಡುಗಿ ಅಂತ."

ಹಾಳೆಯನ್ನು ಇನ್ನೊಂದು ಅಂಗುಲ ಸರಿಸಿದೆ.

"ಇಂಟರ್ನಲ್ ಮಾರ್ಕ್ಸ್ ನನ್ನ ಕೈಲಿದೆ. ಗೊತ್ತು ತಾನೆ?"

ಮೂರನೆಯ ಚೆಂಬು. ಬೆನ್ನು ಕುರ್ಚಿಗೆ ಒತ್ತಿ, ಕತ್ತು ಬಿಗಿಹಿಡಿದು ಕೂತೆ. ಹೂಂ ಅಂತ ತಲೆಯಾಡಿಸಿಬಿಡುತ್ತೇನೇನೋ ಅನ್ನುವ ಭಯ ನನಗೂ ಇತ್ತು. ಅವರು ನನ್ನ ತಲೆಯನ್ನೇ ನೋಡುತ್ತಿದ್ದರು. ಟೀ ಮೇಲೆ ಕೆನೆ ಕಟ್ಟಿತು. ಬಾಗಿಲಲ್ಲಿ ಮುಂದಿನ ವಿದ್ಯಾರ್ಥಿ ಕೆಮ್ಮಿದ.

ಸಹಿ ಗೀಚಿ ಹಾಳೆಯನ್ನು ನನ್ನ ಕಡೆ ಎಸೆದರು. "ಹಾಳಾಗಿ ಹೋಗು."

ಇಂಟರ್ನಲ್ ಮಾರ್ಕ್ಸನ್ನು ಹೇಳಿದಂತೆಯೇ ಕುಯ್ದರು. ಪ್ರಬಂಧ ಮಾತ್ರ ಫ್ರಾನ್ಸಿನದೇ ಆಯಿತು. ಆ ಟೀಯನ್ನು ನಾನು ಮುಟ್ಟಿರಲಿಲ್ಲ.