ಅಣ್ಣನ ಮಣ್ಣಿಗೆ ನಾನು ಹೋಗಿದ್ದೆನಂತೆ

ಇದನ್ನು ಬರೆಯಬೇಕೋ ಬೇಡವೋ ಎಂದು ಬಹಳ ದಿನ ಹಿಂದೆಮುಂದೆ ನೋಡಿದ್ದೇನೆ. ನಾನು ಚಿತ್ತಾಪುರದ ಕಾಲೇಜೊಂದರಲ್ಲಿ ರಾಜ್ಯಶಾಸ್ತ್ರ ಹೇಳುವ ಮನುಷ್ಯ. ದೆವ್ವ, ಗಾಳಿ, ಮೈಮೇಲೆ ಬರುವುದು ಇಂಥವುಗಳ ಮಾತು ಎದ್ದರೆ ಸ್ಟಾಫ್ ರೂಮಿನಲ್ಲಿ ಮೊದಲು ನಗುತ್ತಿದ್ದವನು ನಾನೇ. ಯಾರಾದರೂ ತಮಗಾದ ಅನುಭವ ಹೇಳಲು ಬಾಯಿ ತೆರೆದರೆ, "ಅವತ್ತ ಊಟಕ್ಕ ಏನ್ ಇತ್ರಿ?" ಎಂದು ಕೇಳಿ ಅವರ ಉತ್ಸಾಹಕ್ಕೆ ತಣ್ಣೀರು ಎರಚುತ್ತಿದ್ದೆ. ಇದನ್ನು ಓದಿ ನೀವೂ ನನ್ನನ್ನು ಹಾಗೇ ಕೇಳಬಹುದು. ಕೇಳಿ, ನನಗೆ ಬೇಸರವಿಲ್ಲ.

ಅಂತರರಾಷ್ಟ್ರೀಯ ಸಂಬಂಧಗಳ ಪಾಠಕ್ಕೆ ನನ್ನದೊಂದು ಕಾಯಂ ಉದಾಹರಣೆ ಇತ್ತು. ವಿಯೆಟ್ನಾಂ ಮತ್ತು ಕ್ಯೂಬಾ. ಎರಡೂ ಸಮಾಜವಾದಿ ದೇಶಗಳು, ನಡುವೆ ಅರ್ಧ ಭೂಮಿ. ವಿಯೆಟ್ನಾಮಿನವರ ಯುದ್ಧದ ಕಾಲದಲ್ಲಿ ಕ್ಯೂಬಾದವರು ಬೆನ್ನಿಗೆ ನಿಂತರು. ಅವರ ಅಡಿಗೆಮನೆ ಬರಿದಾದಾಗ ಇವರು ಹಡಗಿನಲ್ಲಿ ಅಕ್ಕಿ ಕಳಿಸಿದರು. ಕ್ಯೂಬಾದಿಂದ ಔಷಧಿ, ಡಾಕ್ಟರುಗಳು ಬಂದರು. ವಿಯೆಟ್ನಾಮಿನಿಂದ ಕಂಪನಿಗಳು, ಯಂತ್ರಗಳು ಹೋದವು. ಇಷ್ಟು ಹೇಳುವಷ್ಟರಲ್ಲಿ ಹಿಂದಿನ ಬೆಂಚು ಆಕಳಿಸುತ್ತಿತ್ತು. ಅದಕ್ಕೇ ನಾನು, "ಇವರು ದೂರದ ಬೀಗರು ಅಂತ ತಿಳ್ಕೊಳ್ರಿ. ದೂರ ಇದ್ದದ್ದಕ್ಕ ಜಗಳ ಇಲ್ಲ" ಎನ್ನುತ್ತಿದ್ದೆ. ಕಾಳಗಿಯ ಹುಡುಗನೊಬ್ಬ ಪರೀಕ್ಷೆಯಲ್ಲೂ ಬೀಗರೆಂದೇ ಬರೆದಿದ್ದ. ತಪ್ಪೇನಿಲ್ಲವೆಂದು ಅಂಕ ಕೊಟ್ಟೆ.

ಈ ಬೀಗತನದೊಳಗೆ ನಮ್ಮ ಮನೆಯ ಮನುಷ್ಯನೇ ಹೋಗಿ ಸೇರುತ್ತಾನೆಂದು ಕನಸಿನಲ್ಲೂ ಅಂದುಕೊಂಡಿರಲಿಲ್ಲ. ನನ್ನ ಅಣ್ಣ ಓದಲಿಲ್ಲ, ಸಿಮೆಂಟ್ ಕಾರ್ಖಾನೆ ಸೇರಿದ. ಸುಣ್ಣದ ಕಲ್ಲು ಬೇಯುವ ದೊಡ್ಡ ಕೊಳವೆಯಂಥ ಭಟ್ಟಿಯ ಒಳಮೈಗೆ ಶಾಖ ತಡೆಯುವ ಇಟ್ಟಿಗೆ ಕೂರಿಸುವುದು ಅವನ ಕೆಲಸ. ಶಹಾಬಾದದಲ್ಲಿ ಕಲಿತ, ವಾಡಿ, ಮಳಖೇಡ, ಕೋಡ್ಲಾ ಎಲ್ಲ ಕಡೆ ಮಾಡಿದ. ಆಮೇಲೆ ಗುತ್ತಿಗೆದಾರನೊಬ್ಬ ಅವನನ್ನು ವಿಯೆಟ್ನಾಂಗೆ ಕರೆದೊಯ್ದ. ಅಲ್ಲಿಯ ಕಂಪನಿ ಕ್ಯೂಬಾದ ಹಳೆಯ ಭಟ್ಟಿಯೊಂದರ ರಿಪೇರಿ ಒಪ್ಪಿಕೊಂಡಾಗ ತನ್ನ ಜನರ ಜೊತೆ ಅಣ್ಣನನ್ನೂ ಕಳಿಸಿತು. ಅಲ್ಲಿಂದ ಫೋನು ಮಾಡಿ, "ನೀ ಪಾಠದಾಗ ಹೇಳ್ತಿದ್ದಿಯಲ್ಲ, ಆ ಬೀಗರ ಮನ್ಯಾಗ ಕೆಲಸ ಮಾಡಾಕತ್ತೀನಿ ನೋಡಪಾ. ಅಕ್ಕಿ ಇವರದ, ಒಲಿ ಅವರದ. ರೊಟ್ಟಿ ಮಾತ್ರ ಯಾರ ಕಡೀನೂ ಇಲ್ಲ" ಎಂದು ನಕ್ಕಿದ್ದ. ಸೇಡಮ್ಮಿನ ಮನೆಯಲ್ಲಿ ಅವನ ಹೆಂಡತಿ, ನಮ್ಮ ವೈನಿ, ನನ್ನ ಜೊತೆ ಇದ್ದರು. ಮಕ್ಕಳಿರಲಿಲ್ಲ. ನಾನು ಮದುವೆಯಾದವನಲ್ಲ.

ಅಷ್ಟರಲ್ಲಿ ಕೊರೊನಾ ಬಂತು. ವಿಮಾನ ನಿಂತವು. ಅಣ್ಣ ಅಲ್ಲೇ ಉಳಿದ. ಒಂದು ದಿನ ರಾತ್ರಿ ಊಟಕ್ಕೆ ಕೂತ ಹೊತ್ತಿನಲ್ಲಿ ವಾಡಿಯಿಂದ ಗುತ್ತಿಗೆದಾರನ ಫೋನು ಬಂತು. ಅಣ್ಣ ಹೃದಯಾಘಾತದಿಂದ ತೀರಿಕೊಂಡಿದ್ದ. ದೇಹ ಕಳಿಸುವ ದಾರಿ ಇಲ್ಲದ್ದರಿಂದ ಜೊತೆಗಿದ್ದ ವಿಯೆಟ್ನಾಮಿನವರೇ ಅಲ್ಲಿಯ ಸ್ಮಶಾನದಲ್ಲಿ ಮಣ್ಣು ಮಾಡಿದ್ದರು. ನಮಗೆ ಸುದ್ದಿ ಮುಟ್ಟುವ ಹೊತ್ತಿಗೆ ಎಲ್ಲ ಮುಗಿದಿತ್ತು.

ಹಲ್ಲು ಕೀಳುವ ಮುಂಚೆ ಸೂಜಿ ಚುಚ್ಚಿದ ದವಡೆಯಂತಾಯಿತು ನನ್ನ ಸ್ಥಿತಿ. ನೋವಿದೆ ಎಂದು ಗೊತ್ತು, ತಾಗುವುದಿಲ್ಲ. ನಾನು ಅಳಲಿಲ್ಲ. ಮರುದಿನ ಎದ್ದು ಹಲ್ಲುಜ್ಜಿದೆ, ಹಾಲು ತಂದೆ. ನನ್ನನ್ನು ಈ ಊರಿನಲ್ಲಿ ಸಾಕಿ ಓದಿಸಿದವನು ಅವನು. ಅವನು ಸತ್ತಾಗ ನಾನು ಹಾಲು ತಂದೆ. ಇವತ್ತಿಗೂ ಅಳು ಬಂದಿಲ್ಲ.

ವೈನಿಯೂ ಅಳಲಿಲ್ಲ. ಒಂದೇ ಮಾತು ಕೇಳಿದರು. "ಕುಂದ್ರಿಸಿ ಮಣ್ಣ ಕೊಟ್ಟಾರೇನು?"

ನಮ್ಮವರಲ್ಲಿ ಸತ್ತವರನ್ನು ಸುಡುವುದಿಲ್ಲ, ಮಲಗಿಸಿ ಹೂಳುವುದೂ ಇಲ್ಲ. ಗುಣಿಯಲ್ಲಿ ಗೂಡು ತೋಡಿ, ಪೂಜೆಗೆ ಕೂತಂತೆ ಕುಳ್ಳಿರಿಸಿ, ಅಂಗೈಯಲ್ಲಿ ಇಷ್ಟಲಿಂಗ ಇಟ್ಟು, ವಿಭೂತಿ ಹಾಕಿ ಮುಚ್ಚುತ್ತಾರೆ. ಇದು ಕ್ಯೂಬಾದಲ್ಲಿ ವಿಯೆಟ್ನಾಮಿನವರಿಗೆ ಹೇಗೆ ಗೊತ್ತಿರಬೇಕು? ಗುತ್ತಿಗೆದಾರನನ್ನು ಕೇಳಿದೆ. ಮರ್ಯಾದೆಯಿಂದ ಮಾಡಿದ್ದಾರೆ ಎಂದಷ್ಟೇ ಅವನಿಗೆ ಗೊತ್ತಿತ್ತು. ಮಠದ ಅಯ್ಯನವರು ಬಂದು, ಭಾವ ಮುಖ್ಯ, ಹೋದವರ ಹೆಸರಿನಲ್ಲಿ ಗಣಾರಾಧನೆಯ ಊಟ ಹಾಕಿಸಿ ಮುಗಿಸಿಬಿಡಿ ಎಂದರು. ವೈನಿ ಒಪ್ಪಲಿಲ್ಲ. "ಅವರು ಕುಂತಾರೋ ಮಲಗ್ಯಾರೋ ಗೊತ್ತಿಲ್ಲದ ನಾ ಹೆಂಗ ಊಟ ಹಾಕಿಸಲಿ? ಗೊತ್ತಾಗೋತನಕ ಏನೂ ಬ್ಯಾಡ್ರಿ."

ಆ ದಿನದಿಂದ ಅವರು ಮಲಗುವುದನ್ನೇ ಬಿಟ್ಟರು. ರಾತ್ರಿಯೆಲ್ಲ ಗೋಡೆಗೆ ಆನಿಕೊಂಡು ಕೂತೇ ಕಣ್ಣು ಮುಚ್ಚುತ್ತಿದ್ದರು. ಕಾಲು ಬಾತು ಹೋಯಿತು. ಕಲಬುರಗಿಗೆ ಕರೆದೊಯ್ದು ಡಾಕ್ಟರಿಗೆ ತೋರಿಸಿದೆ. ಕಾಲು ಚಾಚಿ ಮಲಗಬೇಕು, ಇಲ್ಲದಿದ್ದರೆ ಜೀವಕ್ಕೇ ಕಷ್ಟ ಎಂದು ಅವರು ಖಂಡಿತವಾಗಿ ಹೇಳಿದರು. ವೈನಿ ತಲೆಯಾಡಿಸಿ ಬಂದು ಮತ್ತೆ ಗೋಡೆಗೆ ಆನಿ ಕೂತರು. ಹೀಗೆ ವರ್ಷಗಳೇ ಹೋದವು. ಅಣ್ಣ ಹೋದ, ಇವರೂ ಕೂತಲ್ಲೇ ಸವೆಯುತ್ತಿದ್ದಾರೆ ಎಂದು ನನಗೆ ಕಾಣುತ್ತಿತ್ತು. ಏನು ಮಾಡಬೇಕೆಂದು ತೋಚುತ್ತಿರಲಿಲ್ಲ.

ಹೋದ ವರ್ಷ ಬೇಸಿಗೆಯಲ್ಲಿ ಇಲ್ಲಿಯ ಒಂದು ಸಿಮೆಂಟ್ ಕಾರ್ಖಾನೆ ನೋಡಲು ಹೊರಗಿನವರ ತಂಡವೊಂದು ಬಂತು. ಅದರಲ್ಲಿದ್ದ ವಿಯೆಟ್ನಾಮಿನ ಎಂಜಿನಿಯರ್ ಒಬ್ಬರು ಅಣ್ಣನ ಮನೆಯವರನ್ನು ನೋಡಬೇಕೆಂದು ಹೇಳಿಕಳಿಸಿದರು. ಅವರ ಹೆಸರು ಹುಂಗ್. ಕ್ಯೂಬಾದ ಭಟ್ಟಿಯ ಕೆಲಸದಲ್ಲಿ ಅಣ್ಣನ ಮೇಲಿನವರು. ಮಧ್ಯಾಹ್ನ ಕಾರಿನಿಂದ ಇಳಿದರು. ಬಿಸಿಲಿಗೆ ಮುಖ ಕೆಂಪಾಗಿತ್ತು. ನಾನು ಬಾಗಿಲಲ್ಲಿ ನಿಂತು ಕೈಮುಗಿದೆ.

ಅವರು ನನ್ನನ್ನು ನೋಡಿ ನಿಂತುಬಿಟ್ಟರು. ಆಮೇಲೆ ಬೇಗ ಬೇಗ ಬಂದು ನನ್ನ ಎರಡೂ ಕೈ ಹಿಡಿದುಕೊಂಡು, ತೊಡರುವ ಇಂಗ್ಲಿಷಿನಲ್ಲಿ, ಅವತ್ತು ಹೇಳದೆ ಹೋಗಿಬಿಟ್ಟಿರಲ್ಲ, ವಿಮಾನವೇ ಇಲ್ಲದ ಕಾಲದಲ್ಲಿ ಮನೆ ಹೇಗೆ ಮುಟ್ಟಿದಿರಿ ಎಂದು ಕೇಳಿದರು.

ಬೇರೆ ಯಾರೋ ಎಂದು ತಿಳಿದಿದ್ದಾರೆ ಅಂದುಕೊಂಡೆ. ನಮಗೆ ಅವರ ಮುಖಗಳೆಲ್ಲ ಒಂದೇ ಕಾಣುವಂತೆ ಅವರಿಗೆ ನಮ್ಮವು ಕಾಣುತ್ತಿರಬೇಕು. ನಾನು ಕ್ಯೂಬಾಗೆ ಬಂದಿಲ್ಲ, ಈ ದೇಶ ದಾಟಿದವನೇ ಅಲ್ಲ ಎಂದೆ. ಅವರು ನಕ್ಕು, ತಮ್ಮ ಗದ್ದ ಮುಟ್ಟಿ ತೋರಿಸಿದರು. ನನ್ನ ಗದ್ದದ ಎಡಕ್ಕೆ ರೂಪಾಯಿ ನಾಣ್ಯದಷ್ಟು ಬಿಳಿ ಮಚ್ಚೆ ಇದೆ. ಚಿಕ್ಕಂದಿನಿಂದಲೂ ಇದೆ. ಊರಲ್ಲಿ ನನ್ನ ಗುರುತು ಅದೇ.

ಒಳಗೆ ಕೂತ ಮೇಲೆ ನಡೆದದ್ದನ್ನು ಹೇಳಿದರು. ಅವರು ಹೇಳಿದಷ್ಟನ್ನೇ ಬರೆಯುತ್ತೇನೆ. ಅಣ್ಣ ತೀರಿದ ಮರುದಿನ ಬೆಳಿಗ್ಗೆ ಅವನನ್ನು ಹಲಗೆಯ ಪೆಟ್ಟಿಗೆಯಲ್ಲಿ ಮಲಗಿಸಿ ಸ್ಮಶಾನಕ್ಕೆ ಒಯ್ದಿದ್ದರಂತೆ. ಪೆಟ್ಟಿಗೆ ಇಳಿಸಬೇಕು ಎನ್ನುವಾಗ ನಾನು ಅವರ ನಡುವೆ ಬಂದೆನಂತೆ. ಎಲ್ಲಿಂದ ಬಂದೆನೆಂದು ಯಾರೂ ನೋಡಲಿಲ್ಲ. ಅಣ್ಣನ ಮೊಬೈಲಿನಲ್ಲಿ ನನ್ನ ಫೋಟೋ ನೋಡಿದ್ದರಿಂದ ತಮ್ಮ ಬಂದ ಎಂದುಕೊಂಡರಂತೆ. ಆ ಗಡಿಬಿಡಿಯಲ್ಲಿ ಹೇಗೆ ಬಂದ ಎಂದು ಯೋಚಿಸಲಿಲ್ಲವಂತೆ. ನಾನು ಮಾತೇ ಆಡಲಿಲ್ಲವಂತೆ. ಗುಣಿಯ ಪಕ್ಕ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು, ಬೆನ್ನು ನೆಟ್ಟಗೆ ಮಾಡಿ, ಅಂಗೈ ಎದೆಯ ಮುಂದೆ ಹಿಡಿದು, ಕಣ್ಣು ಮುಚ್ಚಿದೆನಂತೆ. ಅವರಿಗೆ ಅರ್ಥವಾಗುವವರೆಗೂ ಹಾಗೇ ಕೂತಿದ್ದೆನಂತೆ. ಆಮೇಲೆ ಬೆರಳಿನಿಂದ ಮಣ್ಣಿನಲ್ಲಿ ಗೂಡಿನ ಆಕಾರ ಬರೆದೆನಂತೆ. ಇಟ್ಟಿಗೆ ಕೆಲಸದವರಲ್ಲವೇ, ಆಕಾರ ನೋಡಿದ ಕೂಡಲೇ ತಿಳಿಯಿತು. ತೋಡಿದರು, ಕೂರಿಸಿದರು. ಭಟ್ಟಿಗೆಂದು ಇಟ್ಟಿದ್ದ ಇಟ್ಟಿಗೆಯನ್ನೇ ತರಿಸಿ ಗೂಡಿನ ಬಾಯಿ ಮುಚ್ಚಿದರು. ಮುಗಿದು ತಿರುಗಿ ನೋಡಿದರೆ ನಾನಿರಲಿಲ್ಲ.

ಇದನ್ನು ಹೇಳುವಾಗ ಅವರ ಧ್ವನಿಯಲ್ಲಿ ಯಾವ ಅಚ್ಚರಿಯೂ ಇರಲಿಲ್ಲ. ಮಣ್ಣಿನ ವಿಷಯದಲ್ಲಿ ತಮ್ಮೂರಿನವರೂ ಬಹಳ ಕಟ್ಟುನಿಟ್ಟು, ತಪ್ಪು ಮಾಡುವುದನ್ನು ನೀವು ತಪ್ಪಿಸಿದಿರಿ ಎಂದು ನನಗೆ ತಲೆಬಾಗಿದರು.

ವೈನಿ ಅಡಿಗೆಮನೆಯ ಬಾಗಿಲಲ್ಲಿ ನಿಂತಿದ್ದರು. ನಾನು ಕನ್ನಡದಲ್ಲಿ ಹೇಳುತ್ತ ಹೋದ ಹಾಗೆ ಕೇಳಿಸಿಕೊಂಡರು. ಕೊನೆಗೆ, "ಲಿಂಗ ಯಾವ ಕೈಯಾಗ ಇಟ್ರು, ಕೇಳು ಅವರಿಗೆ" ಎಂದರು.

ಕೇಳಿದೆ. ಹುಂಗ್ ಸ್ವಲ್ಪ ಯೋಚಿಸಿದರು. ಅಣ್ಣನ ಕೊರಳಲ್ಲಿದ್ದ ಬೆಳ್ಳಿಯ ಕರಡಿಗೆಯನ್ನು ತಾವು ಮುಟ್ಟಲಿಲ್ಲ, ನಾನೇ ಬಿಚ್ಚಿ ಲಿಂಗ ತೆಗೆದು ಇಟ್ಟೆನೆಂದು ಹೇಳಿ, ತಮ್ಮ ಬಲಗೈ ಎತ್ತಿ ತೋರಿಸಿದರು.

ಲಿಂಗವನ್ನು ಇಡುವುದು ಎಡ ಅಂಗೈಯಲ್ಲಿ. ಯಾರನ್ನು ಕೇಳಿದರೂ ಅದನ್ನೇ ಹೇಳುತ್ತಾರೆ. ಆದರೆ ಅಣ್ಣನ ಎಡಗೈ ಶಹಾಬಾದದಲ್ಲಿ ಇಟ್ಟಿಗೆಯಡಿ ಸಿಕ್ಕು ಬೆರಳು ಹೋಗಿದ್ದವು. ಅಂಗೈ ಬಟ್ಟಲಾಗುತ್ತಿರಲಿಲ್ಲ. ಹಾಗಾಗಿ ಮನೆಯಲ್ಲಿ ಬಾಗಿಲು ಹಾಕಿಕೊಂಡು ಬಲಗೈಯಲ್ಲೇ ಲಿಂಗ ಹಿಡಿದು ಪೂಜೆ ಮಾಡುತ್ತಿದ್ದ. ನಾಲ್ಕು ಜನರ ಮುಂದೆ ಮಾಡಲು ನಾಚುತ್ತಿದ್ದ. ವೈನಿಗೆ ಗೊತ್ತಿತ್ತು, ನನಗೆ ಗೊತ್ತಿತ್ತು. ಅವ್ವ ಅಪ್ಪ ಇಬ್ಬರೂ ಆಗಲೇ ಹೋಗಿದ್ದರು.

ವೈನಿ ಸೆರಗನ್ನು ಬಾಯಿಗೆ ಒತ್ತಿಕೊಂಡು ಒಳಗೆ ಹೋದರು. ಹುಂಗ್ ಚಹಾ ಕುಡಿದು ಹೊರಟರು. ಆ ರಾತ್ರಿ ವೈನಿ ಚಾಪೆ ಹಾಸಿ ಕಾಲು ಚಾಚಿ ಮಲಗಿದರು. ಬೆಳಗಾದರೂ ಏಳಲಿಲ್ಲ. ಹೆದರಿ ಹತ್ತಿರ ಹೋಗಿ ನೋಡಿದೆ, ಗೊರಕೆ ಹೊಡೆಯುತ್ತಿದ್ದರು.

ನನಗೆ ಮಾತ್ರ ಸಮಾಧಾನವಿಲ್ಲ. ಪಾಠ ಹೇಳುವವನ ಬುದ್ಧಿ, ಕಾರಣ ಹುಡುಕುತ್ತದೆ. ಒಂದೇ ಕೋಣೆಯಲ್ಲಿದ್ದ ಜನ, ಅಣ್ಣನ ಪೂಜೆಯನ್ನು ಯಾವಾಗಲೋ ಕಂಡಿರಬಹುದು. ನನ್ನ ಫೋಟೋವನ್ನಂತೂ ನೋಡಿದ್ದರು. ದುಃಖದಲ್ಲಿ, ಬಿಸಿಲಿನಲ್ಲಿ, ಆ ರೋಗದ ಭಯದಲ್ಲಿ ಮನಸ್ಸು ಏನನ್ನಾದರೂ ಕಟ್ಟಿಕೊಂಡಿರಬಹುದು. ಆದರೆ ಅಲ್ಲಿದ್ದವರೆಲ್ಲ ನೋಡಿದ್ದಾರೆ ಎನ್ನುತ್ತಾರಲ್ಲ? ಅಲ್ಲಿಯ ಬೆಳಿಗ್ಗೆ ಎಂದರೆ ನಮಗೆ ಸಂಜೆ. ಆ ಸಂಜೆ, ಸುದ್ದಿ ಬರುವ ಮುಂಚೆ, ನಾನು ಮೊಬೈಲಿನಲ್ಲಿ ಪಾಠ ಮಾಡುತ್ತಿದ್ದೆ. ನಮ್ಮ ಹುಡುಗರ ಕೈಗೆ ಅಪ್ಪಂದಿರ ಫೋನು ಸಿಗುತ್ತಿದ್ದುದೇ ಆ ಹೊತ್ತಿಗೆ. ಪಾಠ ಅದೇ, ವಿಯೆಟ್ನಾಂ ಮತ್ತು ಕ್ಯೂಬಾ. ಶುರು ಮಾಡಿದ್ದು ನೆನಪಿದೆ, ಮುಗಿಸಿದ್ದು ನೆನಪಿಲ್ಲ. ಚಿಂಚೋಳಿ ಕಡೆಯ ಹುಡುಗಿಯೊಬ್ಬಳು ಆಮೇಲೆ ಫೋನು ಮಾಡಿ, "ಸರ್, ನೆಟ್‌ವರ್ಕ್ ಹೋಗಿತ್ತೇನ್ರಿ? ಭಾಳ ಹೊತ್ತು ಕಣ್ಣ ಮುಚ್ಚಿ ಸುಮ್ನ ಕುಂತಂಗ ಕಾಣತಿದ್ರಿ" ಎಂದಿದ್ದಳು. ನೆಟ್‌ವರ್ಕೇ ಇರಬೇಕು. ನಮ್ಮ ಕಡೆ ಅದು ದಿನಾ ಹೋಗುತ್ತದೆ.

ಗಣಾರಾಧನೆ ಆಯಿತು. ಬಂಧುಗಳೆಲ್ಲ ಬಂದು ಉಂಡು ಹೋದರು. ಅಷ್ಟು ಹೊತ್ತಿಗೆ ವೈನಿ ಎಲ್ಲರಿಗೂ ಹೇಳಿ ಮುಗಿಸಿದ್ದರು. ಹಿರಿಯರು ಕೂಡ ನನಗೆ ಕೈಮುಗಿದರು. ಜನ ಚದುರಿದ ಮೇಲೆ ವೈನಿಗೆ, "ನಾ ಎಲ್ಲೂ ಹೋಗಿಲ್ಲರಿ ವೈನಿ. ಇದೇ ಮನ್ಯಾಗ ಇದ್ದೆ. ನೀವ ನೋಡೀರಲ್ಲ" ಎಂದೆ.

"ಹೂಂ, ಇದ್ದಿ. ಅವತ್ತ ಸಂಜಿಕ ಚಾ ತಂದು ನಿನ್ನ ಎಷ್ಟ ಕರದೆ, ಓ ಅನ್ಲಿಲ್ಲ" ಎಂದರು. "ನೀ ಹೋಗಿ ಬಂದಿ ತಮ್ಮಾ. ನಿನಗ ಗೊತ್ತಿಲ್ಲ, ಅಷ್ಟ." ಆಮೇಲೆ ಸಣ್ಣ ಧ್ವನಿಯಲ್ಲಿ ಕೇಳಿದರು. "ಮಾರಿ ಹೆಂಗಿತ್ತು ಅವರದು?"

ಗೊತ್ತಿಲ್ಲ ಎನ್ನಬೇಕೆಂದೇ ಬಾಯಿ ತೆರೆದೆ.

"ಗಡ್ಡ ಬಂದಿತ್ತರಿ. ಪೂರಾ ಬೆಳ್ಳಗ ಆಗಿತ್ತು" ಎಂದೆ.

ಅಣ್ಣ ಒಂದು ದಿನವೂ ಗಡ್ಡ ಬಿಟ್ಟವನಲ್ಲ. ಕ್ಷೌರ ಮಾಡಿಕೊಳ್ಳದೆ ಪೂಜೆಗೆ ಕೂತವನೇ ಅಲ್ಲ. ಅವನಿಗೆ ಗಡ್ಡ ಬಂದರೆ ಯಾವ ಬಣ್ಣವೆಂದು ನಾವ್ಯಾರೂ ನೋಡಿದ್ದಿಲ್ಲ. ವೈನಿ ಹೌದೆನ್ನುವಂತೆ ತಲೆಯಾಡಿಸಿ ಪಾತ್ರೆ ತೊಳೆಯಲು ಹೋದರು. ನಾನು ಕೂತಲ್ಲೇ ಕೂತಿದ್ದೆ. ಆ ಮಾತು ಎಲ್ಲಿಂದ ಬಂತೆಂದು ಈಗಲೂ ತಿಳಿದಿಲ್ಲ.

ಹುಂಗ್ ಅವರ ನಂಬರು ನನ್ನ ಹತ್ತಿರ ಇದೆ. ಹಬ್ಬಕ್ಕೆ ಅವರು ಹೂವಿನ ಚಿತ್ರ ಕಳಿಸುತ್ತಾರೆ, ನಾನೂ ಒಂದು ಕಳಿಸುತ್ತೇನೆ. ಅಣ್ಣನಿಗೆ ಕೊನೆಯಲ್ಲಿ ಗಡ್ಡ ಇತ್ತೇ ಎಂದು ಒಂದು ಸಾಲು ಬರೆದು ಕೇಳಿದರೆ ಸಾಕು, ಉತ್ತರ ಬರುತ್ತದೆ. ಎಷ್ಟೋ ಸಲ ಬರೆದು ಅಳಿಸಿದ್ದೇನೆ. ಇತ್ತು ಎಂದರೆ ಹೇಗೋ ತಡೆದುಕೊಳ್ಳುತ್ತೇನೆ. ಇರಲಿಲ್ಲ ಎಂದುಬಿಟ್ಟರೆ, ಅಣ್ಣನ ಮಣ್ಣಿಗೆ ನಾನು ಹೋಗಿರಲೇ ಇಲ್ಲ ಎಂದಾಗುತ್ತದೆ.