ಊಟಿ ರೋಡಿಗೆ ತೆರೆದ ಬಚ್ಚಲು

ಬೆಂಗಳೂರಿನಿಂದ ಮೈಸೂರು, ನಂಜನಗೂಡು ಹಾಯ್ದು ಊಟಿಗೂ ಕೇರಳಕ್ಕೂ ಹೋಗುವ ಹೆದ್ದಾರಿಯನ್ನು ನಾವು ಊಟಿ ರೋಡು ಎಂದೇ ಕರೆಯುತ್ತಿದ್ದೆವು. ಚಿಕ್ಕಯ್ಯನಛತ್ರದ ಹತ್ತಿರ, ಅದರ ಅಂಚಿನಲ್ಲೇ ನಮ್ಮ ಮನೆ. ನಾನು ಪಿಯುಸಿ ಓದುತ್ತಿದ್ದಾಗ ರಸ್ತೆ ಅಗಲ ಮಾಡಲು ಬಂದವರು ಜಗುಲಿ, ನಡುಮನೆ ಎರಡನ್ನೂ ಕೆಡವಿದರು. ಒಂದು ಕೋಣೆ, ಅಡುಗೆಮನೆ, ಬಚ್ಚಲು ಉಳಿದವು. ಮತ್ತೆ ಅಳತೆಗೆ ಬರುತ್ತೇವೆ, ಅಲ್ಲಿಯವರೆಗೆ ಗೋಡೆ ಎಬ್ಬಿಸಬೇಡಿ ಎಂದು ಹೇಳಿ ಹೋದವರು ತಿಂಗಳುಗಟ್ಟಲೆ ಇತ್ತ ತಲೆ ಹಾಕಲಿಲ್ಲ.

ಅವ್ವ ಹಳೆಯ ಸೀರೆಗಳನ್ನು ಹಗ್ಗಕ್ಕೆ ಕಟ್ಟಿ ಮರೆ ಮಾಡಿದಳು. ಲಾರಿ ಹೋದಾಗಲೆಲ್ಲ ಸೀರೆ ಎದ್ದು ನಮ್ಮ ಒಲೆ, ಮಸಿ ಹಿಡಿದ ಪಾತ್ರೆ, ಗೂಟಕ್ಕೆ ನೇತುಹಾಕಿದ ಲಂಗ ಎಲ್ಲ ದಾರಿಹೋಕರಿಗೆ ಕಾಣುತ್ತಿತ್ತು. ಯಾರೆದುರೂ ಕೂತು ಉಣ್ಣದ ಅವ್ವ ಈಗ ರಸ್ತೆಗೆ ಬೆನ್ನು ಮಾಡಿ ಅವಸರದಲ್ಲಿ ಮುದ್ದೆ ನುಂಗುತ್ತಿದ್ದಳು. ನಾನು ಕಾಲೇಜಿನಿಂದ ಬರುವಾಗ ಮುಂದಿನ ಸ್ಟಾಪಿನಲ್ಲಿ ಇಳಿದು ನಡೆದು ವಾಪಸು ಬರುತ್ತಿದ್ದೆ. ಆ ಮನೆ ಯಾರದೋ ಎಂದು ಬಸ್ಸಿನ ಹುಡುಗಿಯರು ಅಂದುಕೊಳ್ಳಲಿ ಎಂದು.

ಒಂದು ಭಾನುವಾರ ಮಧ್ಯಾಹ್ನ ಊಟಿಗೆ ಹೊರಟಿದ್ದ ಬಸ್ಸು ನಮ್ಮ ಮನೆ ಮುಂದೆಯೇ ಪಂಕ್ಚರ್ ಆಯಿತು. ಜನ ಇಳಿದು ನೆರಳು ಹುಡುಕುತ್ತ ನಿಂತರು. ಅವರಲ್ಲಿ ಒಬ್ಬ ಹೆಂಗಸು ನನ್ನದೇ ವಯಸ್ಸಿನ ಮಗಳ ಕೈ ಹಿಡಿದು ಒಳಗೆ ಬಂದರು. ಅವ್ವನ ಕಿವಿಯಲ್ಲಿ ಏನೋ ಹೇಳಿದರು. ಹುಡುಗಿ ಮುಟ್ಟಾಗಿದ್ದಳು. ಬಟ್ಟೆ ಬದಲಾಯಿಸಬೇಕಿತ್ತು.

“ಟಾಯ್ಲೆಟ್ ಎಲ್ಲಿದೆ?” ಎಂದು ಹುಡುಗಿ ನನ್ನನ್ನು ಕೇಳಿದಳು.

ನಮಗೆ ಕಕ್ಕಸು ಇರಲಿಲ್ಲ. ನಾವು ಹೊಲದ ಕಡೆ ಹೋಗುವವರು. ನಾನು ಬಚ್ಚಲು ತೋರಿಸಿದೆ. ನನಗೆ ಅರ್ಥವಾಗಲಿಲ್ಲವೇನೋ ಎಂದು ಅವಳು ಮತ್ತೊಮ್ಮೆ ಕೇಳಿದಳು. ನನ್ನ ಮುಖ ಬಿಸಿಯಾಯಿತು.

“ಮುಂದ್ಗಡೆ ಇತ್ತು. ರೋಡಿಗೆ ಹೋಯ್ತು” ಅಂದೆ.

ಜಗುಲಿ ಪಕ್ಕದಲ್ಲಿ ಯಾರು ಕಕ್ಕಸು ಕಟ್ಟಿಸುತ್ತಾರೆ? ಅವ್ವ ಒಮ್ಮೆ ನನ್ನ ಕಡೆ ನೋಡಿದಳು. ಹಂಡೆಯಿಂದ ನೀರು ತೋಡಿಕೊಟ್ಟು, ಬಚ್ಚಲಿಗೆ ಮರೆಯಾಗಿದ್ದ ಸೀರೆಯ ಒಂದು ಅಂಚನ್ನು ತಾನು ಹಿಡಿದು ಇನ್ನೊಂದನ್ನು ನನ್ನ ಕೈಗೆ ಕೊಟ್ಟಳು. ಆಚೆ ಗಂಡಸರು ಬೀಡಿ ಸೇದುತ್ತ ನಿಂತಿದ್ದರು. ಲಾರಿಯೊಂದು ಬಂತು. ಸೀರೆ ಹಾಯಿಯಂತೆ ಉಬ್ಬಿತು. ಅವ್ವ ಅದನ್ನು ಕಾಲಲ್ಲಿ ಮೆಟ್ಟಿ ಹಿಡಿದಳು.

ಹುಡುಗಿ ಪೇಪರಿನಲ್ಲಿ ಸುತ್ತಿದ ಗಂಟನ್ನು ಹಿಡಿದು ಹೊರಬಂದಳು. ಎಲ್ಲಿ ಹಾಕಬೇಕೋ ತಿಳಿಯದೆ ಅವಳ ಕಣ್ಣು ತುಂಬಿತ್ತು. ಅವ್ವ ಕೈ ಚಾಚಿದಳು.

“ಕೊಡವ್ವ, ನಾನು ಮಣ್ಣಾಗೆ ಊಳ್ತೀನಿ. ನಾಚ್ಕೋಬ್ಯಾಡ, ನನ್ಗೂ ಮಗ್ಳವ್ಳೆ.”

ಹುಡುಗಿ ತಲೆಯೆತ್ತದೆ ಅದನ್ನು ಕೊಟ್ಟಳು. ಅವಳ ತಾಯಿ ಅವ್ವನ ಎರಡೂ ಕೈ ಹಿಡಿದುಕೊಂಡರು. ನಾನು ಅಡುಗೆಮನೆಯ ಮೂಲೆಗೆ ಹೋಗಿ ನಿಂತವಳು ಬಸ್ಸು ಹೊರಡುವವರೆಗೂ ಹೊರಗೆ ಬರಲಿಲ್ಲ.

ಸಂಜೆ ಅಪ್ಪ ಕಾರ್ಖಾನೆ ಕೂಲಿ ಮುಗಿಸಿ ಬಂದು ಉಣ್ಣಲು ಕೂತಾಗ ಅವ್ವ ನಗುನಗುತ್ತಲೇ ಎಲ್ಲ ಹೇಳಿದಳು. “ಇವ್ಳು ಇಲ್ದಿರೋ ಕಕ್ಕಸ್ನ ರೋಡ್ಗೆ ಕೊಟ್ಬುಟ್ಲು ಕಣ್ರೀ.”

ಬೈಗುಳ ಬೀಳುತ್ತದೆ ಎಂದು ಕಾದೆ. ಅಪ್ಪ ನಗಲೂ ಇಲ್ಲ, ಬೈಯಲೂ ಇಲ್ಲ. ತಟ್ಟೆ ನೋಡುತ್ತಲೇ, “ಎಣ್ಮಗಳ ಬಾಯಲ್ಲಿ ಸುಳ್ಳಾಡ್ಸ್ಬುಟ್ನಲ್ಲ ನಾನು” ಅಂದ. ಅಪ್ಪನ ಆ ದನಿ ಕೇಳಿ, ಆ ಹುಡುಗಿಯ ಎದುರು ಆದದ್ದಕ್ಕಿಂತ ಹೆಚ್ಚು ನಾಚಿಕೆಯಾಯಿತು.

ಮರುವಾರದಿಂದಲೇ ಅಪ್ಪ ಗುಂಡಿ ತೋಡಲು ಶುರುಮಾಡಿದ. ಅಳತೆಯವರು ಬರಲಿ ಬಿಡಲಿ, ಗೋಡೆಗಿಂತ ಮೊದಲು ಕಕ್ಕಸು ಎದ್ದಿತು. ಉಳಿದ ಜಾಗ ಮನೆಯ ಪಕ್ಕದ್ದೊಂದೇ. ಹಾಗಾಗಿ ಅದರ ತಗಡಿನ ಬಾಗಿಲು ನೇರ ರಸ್ತೆಗೆ ಮುಖ ಮಾಡಿತ್ತು. ಯಾರು ಒಳಗೆ ಹೋದರು, ಯಾರು ಬಂದರು, ಊಟಿಗೆ ಹೋಗುವವರಿಗೆಲ್ಲ ಕಾಣುತ್ತಿತ್ತು. ನಾನು ಒಂದೂ ಗಾಡಿ ಇಲ್ಲದ ಗಳಿಗೆಗೆ ಕಾದು ಓಡುತ್ತಿದ್ದೆ. ಅವ್ವ ಹಾಡಹಗಲಲ್ಲಿ ಚೊಂಬು ಹಿಡಿದು ನಿಧಾನವಾಗಿ ನಡೆದು ಹೋಗುತ್ತಿದ್ದಳು.