ಅಂಕಯ್ಯನ ಮಾತ್ರೆ, ದೇವಿರಮ್ಮನ ಸೊಪ್ಪು

ದುದ್ದದ ಪಕ್ಕದ ನಮ್ಮೂರಲ್ಲಿ ಅಂಕಯ್ಯ ನೀರುಗಂಟಿ. ಟ್ಯಾಂಕಿನ ವಾಲ್ವ್ ತಿರುಗಿಸಿ ಮನೆಮನೆಗೆ ನೀರು ಬಿಡುವ ಕೆಲಸ. ಕೆಲವು ವರ್ಷದ ಹಿಂದೆ ಅವನ ಎದೆಯೊಳಗೂ ಒಂದು ವಾಲ್ವ್ ಕೂರಿಸಿದರು, ಲೋಹದ್ದು. ಪಕ್ಕ ಕೂತರೆ ಟಿಕ್ ಟಿಕ್ ಕೇಳುತ್ತಿತ್ತು.

"ಊರ್ಗೆ ನೀರ್ ಬುಡೋನು ನಾನು, ನಂಗೆ ರಕ್ತ ಬುಡೋದು ಇದು. ಇಬ್ರಿಗೂ ರಜ ಇಲ್ಲ ಕಣ್ಲಾ" ಎನ್ನುತ್ತಿದ್ದ.

ಆ ಲೋಹದ ಮೇಲೆ ರಕ್ತ ಹೆಪ್ಪುಗಟ್ಟಬಾರದು. ಕಟ್ಟಿದರೆ ಆ ಗರಣೆ, ಹೆಪ್ಪಿನ ಚೂರು, ನೇರ ಮಿದುಳಿಗೆ ಹೋಗಿ ಲಕ್ವ ಹೊಡೆಯುತ್ತದೆ. ಹೆಪ್ಪು ತಡೆಯಲು ದಿನಾ ಮಾತ್ರೆ, ಆಗಾಗ ಮಂಡ್ಯದಲ್ಲಿ ರಕ್ತಪರೀಕ್ಷೆ.

"ಸೊಪ್ಪು ಬಿಡಬೇಕಿಲ್ಲ. ಆದರೆ ಯಾವಾಗಲೂ ಒಂದೇ ಅಳತೇಲಿ ತಿನ್ನಿ. ಜಾಸ್ತಿಯಾದ್ರೆ ಮಾತ್ರೆ ಸೋಲುತ್ತೆ" ಎಂದಿದ್ದರು ಡಾಕ್ಟರ್ ಸೌಮ್ಯ.

ಅಂಕಯ್ಯ ಮನೆಗೆ ತಂದದ್ದು ಅರ್ಧ ಮಾತು: "ಸೊಪ್ಪು ತಿನ್ಬೋದಂತೆ ಕಣಮ್ಮಿ."

ಒಂದು ಬೆಳಿಗ್ಗೆ ಹಲ್ಲುಜ್ಜುವಾಗ ಒಸಡಿನಿಂದ ರಕ್ತ ಬಂತು. ಹೆಂಡತಿ ದೇವಿರಮ್ಮ ಬೆಚ್ಚಿದಳು.

"ಈ ಹಾಳ್ ಮಾತ್ರೆ ರಕ್ತನೆಲ್ಲ ನೀರ್ ಮಾಡ್ತಾ ಅದೆ. ನಾನ್ ಗಟ್ಟಿ ಮಾಡ್ತೀನಿ ಇರು."

ನಮ್ಮ ಕಡೆ ರಕ್ತ ಗಟ್ಟಿಯಾಗಲು ಬೆರಕೆ ಸೊಪ್ಪಿಗಿಂತ ದೊಡ್ಡ ಔಷಧಿಯಿಲ್ಲ. ದೇವಿರಮ್ಮ ಗದ್ದೆಯ ಬದುಗಳನ್ನೆಲ್ಲ ಅಲೆದು ಅಣ್ಣೆ, ಹೊನಗೊನೆ, ಕೀರೆ ಕಿತ್ತು ಮಡಿಲು ತುಂಬಿಸಿಕೊಂಡು ಬರುವಳು. ಹೊತ್ತುಹೊತ್ತಿಗೂ ಮುದ್ದೆ, ಮಸ್ಸೊಪ್ಪು. ಅಂಕಯ್ಯ ಡಾಕ್ಟರನ್ನೂ ಮೀರಲಿಲ್ಲ, ಹೆಂಡತಿಯನ್ನೂ ಮೀರಲಿಲ್ಲ. ಮಾತ್ರೆ ನುಂಗಿದ, ಸೊಪ್ಪೂ ಉಂಡ. ಒಸಡಿನ ರಕ್ತ ನಿಂತಿತು. ಇಬ್ಬರಿಗೂ ಗೆದ್ದ ಖುಷಿ.

"ಚೆನ್ನಾಗಿವ್ನಿ ಅಲ್ವಾ, ಸುಮ್ಕೆ ಸೂಜಿ ಯಾಕ್ ಚುಚ್ಚಿಸ್ಕೊಬೇಕು?" ಎಂದು ಅವನು ಪರೀಕ್ಷೆಗೆ ಹೋಗುವುದನ್ನೇ ಬಿಟ್ಟ.

ಒಂದು ದಿನ ಟ್ಯಾಂಕಿನ ಬುಡದಲ್ಲಿ ವಾಲ್ವ್ ಹಿಡಿದ ಬಲಗೈ ತಿರುಗಲಿಲ್ಲ. ನಲ್ಲಿಗೆ ನೀರು ಬರಲಿಲ್ಲವೆಂದು ಬಯ್ಯಲು ಬಂದವರೇ, ಬಾಯಿ ಸೊಟ್ಟಗಾಗಿ ಬಿದ್ದಿದ್ದವನನ್ನು ಎತ್ತಿ ಆಟೋಗೆ ಹಾಕಿದರು.

ಆಸ್ಪತ್ರೆಯಲ್ಲಿ ಡಾಕ್ಟರ್ ಊಟದ ವಿಷಯ ಕೇಳಿದರು. ದೇವಿರಮ್ಮನಿಗೆ ಹೇಳಿಕೊಳ್ಳಲು ಹೆಮ್ಮೆ: "ಒಂದಿನಾನೂ ತಪ್ಪಿಸಿಲ್ಲ ಕಣವ್ವ, ಬರೀ ಸೊಪ್ಪೇ ಆಕಿವ್ನಿ."

ಅಷ್ಟು ಸೊಪ್ಪಿಗೆ ಮಾತ್ರೆ ಸೋತು ಹೆಪ್ಪು ಕಟ್ಟಿದ್ದನ್ನು ಡಾಕ್ಟರ್ ಬಿಡಿಸಿ ಹೇಳಿದರು. ಕೈಯಾಗಲಿ ಮಾತಾಗಲಿ ಮರಳುವುದು ಕಷ್ಟ ಎಂದರು. ಇನ್ನು ಮೇಲೆ ದಿನಾ ಇಷ್ಟೇ ಸೊಪ್ಪು ಕೊಡಿ ಎಂದು ಅಂಗೈಯಲ್ಲಿ ಅಳತೆ ತೋರಿಸಿದರು. ಅದು ಅವಳಿಗೆ ಕೇಳಿಸಲೇ ಇಲ್ಲ.

ಈಗ ಅವಳು ಕಲಸಿಕೊಡುವುದು ಬರೀ ಅನ್ನ, ತಿಳಿಸಾರು. ಮೊನ್ನೆ ಅಂಕಯ್ಯ ಎಡಗೈಯಲ್ಲಿ ತಟ್ಟೆ ನೂಕಿ ಗದ್ದೆಯ ಕಡೆ ಬೆರಳು ಮಾಡಿದ.

"ಎಲ್ಲದೆ ಸೊಪ್ಪು? ನಾಲೇಲಿ ನೀರಿಲ್ಲ, ಎಲ್ಲಾ ಒಣಗೋಗದೆ" ಎಂದಳು ದೇವಿರಮ್ಮ, ಅವನ ಮುಖ ನೋಡದೆ.

ನಾಲೆ ತುಂಬಿ ಹರಿಯುತ್ತಿದ್ದ ಸದ್ದು ಹಿತ್ತಿಲಿಗೇ ಕೇಳುತ್ತಿತ್ತು. ಅಂಕಯ್ಯ ಅವಳನ್ನೇ ನೋಡಿದ. ಆಮೇಲೆ ಬಾಯಿ ತೆರೆದ. ಅವಳು ತುತ್ತಿಟ್ಟಳು.